ಕಟೌಟ್ ಇಲ್ಲದ ಹೀರೋಗಳ ಊರಿನಲ್ಲಿ

ಒಬ್ಬ ಮನುಷ್ಯ ಇಕ್ಕಳ ಕೈಗೆತ್ತಿಕೊಳ್ತಾನೆ. ಗ್ಯಾರೇಜಿನಲ್ಲಿ ಇರುತ್ತಲ್ಲ, ಅಂಥದು. ಬಾಯಿ ತೆರೆದು ತನ್ನದೇ ಹಲ್ಲಿಗೆ ಹಾಕ್ತಾನೆ. ಎಳೀತಾನೆ. ಹಲ್ಲು ಕಿತ್ತು ಬರುತ್ತೆ!

ಡೂಪ್ ಇಲ್ಲ. ಮೇಕಪ್‌ನವರ ಕೆಂಪು ಬಣ್ಣ ಇಲ್ಲ. ಎದೆ ನಡುಗಿಸುವ ಹಿನ್ನೆಲೆ ಸಂಗೀತ ಇಲ್ಲ. ಡಾಕ್ಟರಿಗೆ ಕೊಡೋ ದುಡ್ಡು ಉಳೀತು ಅನ್ನೋ ಹಾಗೆ ಆ ಮನುಷ್ಯ ಆರಾಮಾಗಿದ್ದಾನೆ. ನೋಡೋ ನಮಗೇ ದವಡೆ ಹಿಡ್ಕೊಳ್ಳಬೇಕು ಅನ್ಸುತ್ತೆ.

ಈ ದೃಶ್ಯ ನೋಡಿದ ಜರ್ಮನಿಯ ಮಹಾ ನಿರ್ದೇಶಕ ವರ್ನರ್ ಹರ್ಜೋಗ್ ಎಷ್ಟು ಬೆರಗಾದ ಅಂದರೆ, 1977ರ ತನ್ನ ‘ಸ್ಟ್ರೋಜೆಕ್’ ಚಿತ್ರದಲ್ಲಿ ಅಂಥದೇ ದೃಶ್ಯ ಇಟ್ಟುಕೊಂಡ. ಮೂಲ ಇರೋದು 1971ರ ‘ಸ್ಪೆಂಡ್ ಇಟ್ ಆಲ್’ ಅನ್ನೋ ಮುಕ್ಕಾಲು ಗಂಟೆಯೂ ಇಲ್ಲದ ಒಂದು ಪುಟ್ಟ ಚಿತ್ರದಲ್ಲಿ. ಅದನ್ನು ತೆಗೆದವನು ಲೆಸ್ ಬ್ಲ್ಯಾಂಕ್. ಊರು ಅಮೆರಿಕದ ದಕ್ಷಿಣ ತುದಿಯ ಲೂಸಿಯಾನಾ ರಾಜ್ಯದ ಹಳ್ಳಿಗಾಡು.

ಈ ವಾರ ನಿಮ್ಮನ್ನು ಆ ಸೀಮೆಗೆ ಕರ್ಕೊಂಡು ಹೋಗ್ತೀನಿ. ಮೊದಲೇ ಹೇಳಿಬಿಡ್ತೀನಿ, ನನ್ನ ಹತ್ತಿರ ಪಾಸ್‌ಪೋರ್ಟ್ ಇಲ್ಲ. ಪಿ.ಯು.ಸಿ. ಅರ್ಧಕ್ಕೆ ಬಿಟ್ಟು ಕಾಲಂ ಲೆಕ್ಕದಲ್ಲಿ ಬರೆದು ಬದುಕೋ ನನಗೆ ಅಮೆರಿಕದ ವಿಮಾನ ಯಾರು ಹತ್ತಿಸ್ತಾರೆ? ಬ್ಲ್ಯಾಂಕ್‌ನ 14 ಚಿತ್ರಗಳ ಒಂದು ಪೆಟ್ಟಿಗೆ 2014ರಲ್ಲಿ ಹೊರಬಂತು. ಅದು ಗೆಳೆಯನೊಬ್ಬನ ರೂಮಿಗೆ ಬಂದದ್ದೇ ನನ್ನ ವೀಸಾ. ರಾತ್ರಿಯೆಲ್ಲ ಕೂತು ನೋಡಿದೆ. ಒಂದೊಂದು ಊರಲ್ಲೂ ಇಳಿದೆ. ಕೆಲವು ಕಡೆ ಎರಡೆರಡು ಸಲ ಇಳಿದೆ. ಬನ್ನಿ.

ಕೌಬಾಯ್ ಎಲ್ಲಿ ಸ್ವಾಮಿ?

ಅಮೆರಿಕದ ಹಳ್ಳಿ ಅಂದರೆ ನಮಗೆ ಏನು ನೆನಪಾಗುತ್ತೆ? ಕುದುರೆ, ಟೋಪಿ, ಸೊಂಟದಲ್ಲಿ ಪಿಸ್ತೂಲು. ನಮ್ಮಪ್ಪನ ವಾರಿಗೆಯವರು ‘ಮೆಕೆನಾಸ್ ಗೋಲ್ಡ್’ ನೋಡಿ ಬಂದು ವಾರಗಟ್ಟಲೆ ಅದನ್ನೇ ಮಾತಾಡಿದವರು. ಹಾಲಿವುಡ್ಡು ನಮಗೆ ತೋರಿಸಿದ್ದು ಎರಡೇ ಥರದ ಹಳ್ಳಿಯವನು. ಒಬ್ಬ ಗುಂಡು ಹೊಡೆಯೋ ಶೂರ. ಇನ್ನೊಬ್ಬ ಬಾಯಿಬಿಟ್ಟು ನಿಂತ ಪೆದ್ದ. ಬೆಳಿಗ್ಗೆ ಎದ್ದು ಕಾಫಿ ಕುಡಿದು, ಗದ್ದೆಗೆ ಹೋಗಿ, ಸಂಜೆ ಮೈ ತೊಳೆದುಕೊಂಡು ಪಿಟೀಲು ಬಾರಿಸುವವನನ್ನು ಯಾರೂ ತೋರಿಸಲಿಲ್ಲ.

ಬ್ಲ್ಯಾಂಕ್ ಜೀವನವಿಡೀ ಹಿಂದೆ ಬಿದ್ದದ್ದು ಆ ಮೂರನೆಯವನ ಬೆನ್ನಿಗೆ.

1935ರಲ್ಲಿ ಫ್ಲಾರಿಡಾದ ಟ್ಯಾಂಪಾ ಊರಿನಲ್ಲಿ ಹುಟ್ಟಿದವನು. ನ್ಯೂ ಆರ್ಲಿಯನ್ಸ್ ನಗರದ ಟುಲೇನ್ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಸಾಹಿತ್ಯ, ನಾಟಕ ಓದಿದ. ಸ್ವೀಡನ್ನಿನ ಬರ್ಗ್‌ಮನ್‌ನ ‘ದಿ ಸೆವೆಂತ್ ಸೀಲ್’ ನೋಡಿದ ಮೇಲೆ ಸಿನಿಮಾ ಹುಚ್ಚು ತಲೆಗೇರಿ ಕ್ಯಾಲಿಫೋರ್ನಿಯಾಕ್ಕೆ ಹೋದ. ಅಲ್ಲಿ ಹೊಟ್ಟೆಪಾಡಿಗೆ ಸಿಕ್ಕಿದ್ದು ಕಂಪನಿಗಳ ಜಾಹೀರಾತು ಚಿತ್ರಗಳ ಕೆಲಸ. ಕೋಳಿ ಮಾಂಸದ ಕಂಪನಿಯೊಂದಕ್ಕೂ ಚಿತ್ರ ಮಾಡಿಕೊಟ್ಟಿದ್ದಾನೆ! 1967ರಲ್ಲಿ ‘ಫ್ಲವರ್ ಫಿಲ್ಮ್ಸ್’ ಅಂತ ತನ್ನದೇ ಸಣ್ಣ ಸಂಸ್ಥೆ ಕಟ್ಟಿದ. ಅಲ್ಲಿಂದ ಮುಂದೆ ದೊಡ್ಡ ನಿರ್ಮಾಪಕರ ಹಂಗಿಲ್ಲ. 16 ಎಂ.ಎಂ. ಕ್ಯಾಮೆರಾ, ಧ್ವನಿ ಹಿಡಿಯೋದಕ್ಕೆ ಒಬ್ಬರು, ಒಂದು ಗಾಡಿ. ಅಷ್ಟೇ ಯೂನಿಟ್ಟು.

ಅವನ ಚಿತ್ರಗಳಲ್ಲಿ ‘ಇದು ಇಂಥ ಊರು, ಇಲ್ಲಿಯ ಜನ ಶ್ರಮಜೀವಿಗಳು’ ಅಂತ ಗಂಭೀರ ಗಂಟಲಿನಲ್ಲಿ ವಿವರಿಸೋ ನ್ಯೂಸ್‌ರೀಲ್ ದನಿ ಇಲ್ಲ. ಹಾಡು ಶುರುವಾಗುತ್ತೆ. ಹಾಡುವವನ ಮುಖದಿಂದ ಕ್ಯಾಮೆರಾ ಜಾರಿ ಅವನ ಬೂಟಿಗೆ ಹೋಗುತ್ತೆ. ಬಾಗಿಲಲ್ಲಿ ಮಲಗಿರೋ ನಾಯಿ ಕಡೆ ಹೋಗುತ್ತೆ, ಒಲೆ ಮೇಲಿನ ಪಾತ್ರೆಗೆ ಬರುತ್ತೆ. ನೀವೂ ನಾನೂ ಯಾರದೋ ಮನೆಗೆ ಹೋದಾಗ ಕೂತಲ್ಲೇ ಕಣ್ಣಾಡಿಸೋದಿಲ್ಲವೇ, ಹಾಗೆ.

ಇಸ್ಪೀಟಿನಲ್ಲಿ ಸೋತು ಗೆದ್ದವನು

ಮೊದಲ ಸ್ಟಾಪು ಟೆಕ್ಸಾಸ್ ರಾಜ್ಯದ ಸೆಂಟರ್‌ವಿಲ್. ಬ್ಲೂಸ್ ಹಾಡುಗಾರ ಲೈಟ್‌ನಿಂಗ್ ಹಾಪ್‌ಕಿನ್ಸ್ 1912ರಲ್ಲಿ ಹುಟ್ಟಿದ ಸೀಮೆ. ಬ್ಲೂಸ್ ಅಂದರೆ ಹತ್ತಿ ಹೊಲದಲ್ಲಿ ಬೆನ್ನು ಬಾಗಿಸಿದ ಕಪ್ಪು ಜನರ ಹಾಡು. ನೋವನ್ನೇ ನಗೆಯ ಜೊತೆ ಬೆರೆಸಿ ಹಾಡೋದು. ಇವತ್ತಿನ ರಾಕ್ ಸಂಗೀತದ ಅಜ್ಜ ಅದು.

ಹಾಪ್‌ಕಿನ್ಸ್ ಸಾಮಾನ್ಯದ ಆಸಾಮಿಯಲ್ಲ. ಕ್ಯಾಮೆರಾ ಹೊತ್ತುಕೊಂಡು ಬಂದ ಬಿಳಿ ಹುಡುಗರನ್ನು ನೋಡಿ ಮೊದಲ ದಿನ ಒಂದಷ್ಟು ಹಾಡು ಹಾಡಿ, ‘ಆಯ್ತಲ್ಲ, ಇನ್ನು ಹೊರಡಿ’ ಅಂದುಬಿಟ್ಟ. ಮುಗೀತು ಕಥೆ! ಆಮೇಲೆ ಇಸ್ಪೀಟಿಗೆ ಕೂತಾಗ ಬ್ಲ್ಯಾಂಕ್ ಹಾಪ್‌ಕಿನ್ಸ್ ಕೈಲಿ ಚೆನ್ನಾಗಿ ಸೋತ. ದುಡ್ಡು ಹೋಯ್ತು. ಆದರೆ ಗೆದ್ದವನ ಮನಸ್ಸು ಕರಗಿತು. ಇರಲಿ ಬಿಡು, ಈ ಹುಡುಗ ಪರವಾಗಿಲ್ಲ ಅಂತ ಒಳಗೆ ಬಿಟ್ಟುಕೊಂಡ.

ಹೀಗೆ ಹುಟ್ಟಿತು ‘ದಿ ಬ್ಲೂಸ್ ಅಕಾರ್ಡಿನ್ ಟು ಲೈಟ್‌ನಿಂಗ್ ಹಾಪ್‌ಕಿನ್ಸ್’. ಬರೀ 31 ನಿಮಿಷ. ಅದರಲ್ಲಿ ಕಪ್ಪು ಕೌಬಾಯ್‌ಗಳು ಬರ್ತಾರೆ. ಹಾಲಿವುಡ್ಡಿನ ಕುದುರೆ ಚಿತ್ರಗಳು ನಮ್ಮ ಕಣ್ಣಿಂದ ಮುಚ್ಚಿಟ್ಟವರು ಇವರೇ. ಕೆಂಡದ ಮೇಲೆ ಮಾಂಸ ಸುಡೋದು ಬರುತ್ತೆ, ಮನೆ ಮುಂದೆ ಸುಮ್ಮನೆ ಕೂತ ಮುದುಕರು ಬರ್ತಾರೆ. ಮುರುಕು ಮನೆಗಳೂ ಕಾಣ್ತವೆ. ಆದರೆ ‘ಅಯ್ಯೋ ಪಾಪ’ ಅನ್ನೋಕೆ ಆ ಚಿತ್ರ ನಿಮಗೆ ಬಿಡುವೇ ಕೊಡೋದಿಲ್ಲ. ಆ ಜನರ ಮಾತಿನ ಚುರುಕು ನೋಡಿದರೆ ಪಾಪ ಅನ್ನೋದಕ್ಕೆ ನಮಗೇ ನಾಚಿಕೆ ಆಗಬೇಕು.

ನನಗೆ ಬ್ಲ್ಯಾಂಕ್ ಹಿಡಿಸಿದ್ದು ಇಲ್ಲೇ. ಬಡತನ ತೋರಿಸೋದು ಬೇರೆ, ಬಡವನನ್ನು ನೋಡೋದು ಬೇರೆ. ಹರಿದ ಅಂಗಿ, ಸೋರುವ ಸೂರು, ಅಳುವ ಮಗು ಇಟ್ಟರೆ ಬಡತನ ತೋರಿಸಿದ ಹಾಗಾಯ್ತು. ಆದರೆ ಆ ಅಂಗಿ ತೊಟ್ಟವನು ಏನು ತಿಂತಾನೆ, ಯಾವ ಜೋಕಿಗೆ ನಗ್ತಾನೆ, ಹೆಂಡತಿ ಬಗ್ಗೆ ಏನು ಹೇಳ್ತಾನೆ, ಯಾವ ಹಾಡಿಗೆ ಕಣ್ಣು ಮುಚ್ತಾನೆ? ಅದಕ್ಕೆ ಪುರಸೊತ್ತು ಬೇಕು. ಇಸ್ಪೀಟಿನಲ್ಲಿ ಸೋಲೋ ಅಷ್ಟು ಪುರಸೊತ್ತು!

65ನೇ ವಯಸ್ಸಿನ ಹೊಸ ಮುಖ

ಅದೇ ಟೆಕ್ಸಾಸಿನಲ್ಲಿ ನವಸೋಟ ಅಂತ ಇನ್ನೊಂದು ಊರು. ಅಲ್ಲಿ 1895ರಲ್ಲಿ ಹುಟ್ಟಿದ ಮ್ಯಾನ್ಸ್ ಲಿಪ್ಸ್‌ಕಂಬ್ ಅನ್ನೋ ರೈತ. ಹೆಚ್ಚಿನ ಆಯಸ್ಸು ಕೋರು ಬೇಸಾಯದಲ್ಲೇ ಕಳೀತು. ಜಮೀನು ಧಣಿಯದು, ಬೆವರು ಇವನದು, ಫಸಲು ಬಂದಾಗ ಪಾಲು ಇಬ್ಬರದು, ಲೆಕ್ಕದ ಪುಸ್ತಕ ಮಾತ್ರ ಧಣಿಯ ಕೈಲಿ! ಈ ಲೆಕ್ಕ ಹೇಗಿರುತ್ತೆ ಅಂತ ಹಳ್ಳಿಯಿಂದ ಬಂದ ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ. ಶನಿವಾರ ರಾತ್ರಿ ಊರವರ ಕುಣಿತಕ್ಕೆ ಗಿಟಾರ್ ಬಾರಿಸ್ತಿದ್ದ. ಸೋಮವಾರ ಮತ್ತೆ ಹೊಲ.

1960ರಲ್ಲಿ ಕ್ರಿಸ್ ಸ್ಟ್ರಾಕ್‌ವಿಟ್ಸ್ ಅನ್ನೋ ರೆಕಾರ್ಡ್ ಹುಚ್ಚ ಹುಡುಕಿಕೊಂಡು ಬಂದು ಇವನ ಹಾಡು ಧ್ವನಿಮುದ್ರಿಸಿದ. ಅರ್ಹೂಲಿ ಕಂಪನಿಯ ಮೊಟ್ಟಮೊದಲ ತಟ್ಟೆ ಅದೇ. ಆಗ ಲಿಪ್ಸ್‌ಕಂಬ್‌ಗೆ 65 ವರ್ಷ! 25ಕ್ಕೆ ಚಾನ್ಸ್ ಸಿಗಲಿಲ್ಲ ಅಂತ ಗಾಂಧಿನಗರದಲ್ಲಿ ತಲೆ ಮೇಲೆ ಕೈ ಹೊತ್ತು ಕೂತಿರೋ ಗೆಳೆಯರು ಇದನ್ನು ಕತ್ತರಿಸಿ ಗೋಡೆಗೆ ಅಂಟಿಸಿಕೊಳ್ಳಬಹುದು.

ಬ್ಲ್ಯಾಂಕ್ ಅವನ ಮೇಲೆ ತೆಗೆದ ಚಿತ್ರ ‘ಎ ವೆಲ್ ಸ್ಪೆಂಟ್ ಲೈಫ್’, 1971ರದು. ಮುದುಕ ಗಿಟಾರ್ ಬಾರಿಸ್ತಾನೆ, ದುಡಿಮೆ ಬಗ್ಗೆ, ಸಂಸಾರದ ಬಗ್ಗೆ ಮಾತಾಡ್ತಾನೆ. ನದಿಯ ನೀರಿನಲ್ಲಿ ಮುಳುಗಿಸಿ ದೀಕ್ಷೆ ಕೊಡೋ ಕ್ರೈಸ್ತರ ಒಂದು ದೃಶ್ಯ ಇದೆ. ನೋಡ್ತಾ ನೋಡ್ತಾ ಗೊತ್ತಾಗುತ್ತೆ, ಈ ಮನುಷ್ಯ ಯಾವ ಧಣಿಗೂ ಒಳಗೊಳಗೆ ಬಗ್ಗಿದವನಲ್ಲ ಅಂತ. ಯಾರೂ ಅದನ್ನು ಡೈಲಾಗಿನಲ್ಲಿ ಹೇಳೋದಿಲ್ಲ. ಕೂತಿರೋ ಭಂಗಿಯಲ್ಲೇ ಇದೆ.

ಮಾಮೂ, ಯೂನಿಸ್, ಬೇಸಿಲ್

ಈಗ ಪೂರ್ವಕ್ಕೆ ತಿರುಗೋಣ. ನ್ಯೂ ಆರ್ಲಿಯನ್ಸ್ ನಗರದಿಂದ ಪಶ್ಚಿಮಕ್ಕೆ ಸುಮಾರು 215 ಕಿಲೋಮೀಟರ್ ದೂರದಲ್ಲಿ ಲಾಫಯೆಟ್ ಪಟ್ಟಣ. ಅದರ ಸುತ್ತಮುತ್ತಲಿನ ಬಯಲು ಸೀಮೆಯೇ ಬ್ಲ್ಯಾಂಕ್‌ನ ನಿಜವಾದ ತವರು. ಊರುಗಳ ಹೆಸರು ಮಾಮೂ, ಯೂನಿಸ್, ಬೇಸಿಲ್. ಒಂದು ಕಡೆ ಕೆಸರು ಜೌಗು. ಇನ್ನೊಂದು ಕಡೆ ಕಣ್ಣು ಹಾಯೋವರೆಗೂ ಚಪ್ಪಟೆ ನೆಲ, ನೀರು ನಿಂತ ಭತ್ತದ ಗದ್ದೆ. ಹೌದು ಸ್ವಾಮಿ, ಭತ್ತ! ಭತ್ತ ಕೊಯ್ದ ಮೇಲೆ ಅದೇ ಗದ್ದೆಯಲ್ಲಿ ನೀರು ನಿಲ್ಲಿಸಿ ಸಿಗಡಿ ಜಾತಿಯ ಹುಳ ಸಾಕ್ತಾರೆ. ಬೆಂಡೆಕಾಯಿ ಹಾಕಿ ಕುದಿಸಿದ ಗಟ್ಟಿ ಸಾರನ್ನು ಬಿಸಿ ಅನ್ನದ ಮೇಲೆ ಸುರ್ಕೊಂಡು ತಿಂತಾರೆ. ಅದರ ಹೆಸರು ಗಂಬೋ. ಆಫ್ರಿಕಾದ ಭಾಷೆಯಲ್ಲಿ ಬೆಂಡೆಕಾಯಿಗೆ ಇದ್ದ ಹೆಸರಿನಿಂದಲೇ ಬಂದದ್ದು. ಬ್ರೆಡ್ಡು ಬೆಣ್ಣೆಯ ಅಮೆರಿಕವೇ ಬೇರೆ, ಇದೇ ಬೇರೆ.

ಇಲ್ಲಿಯ ಬಿಳಿಯರನ್ನು ಕೇಜನ್ ಅಂತಾರೆ. ಇವರ ಪೂರ್ವಿಕರು ಕೆನಡಾದ ಕಡಲತೀರದ ಅಕೇಡಿಯಾ ಅನ್ನೋ ಪ್ರಾಂತ್ಯದಲ್ಲಿದ್ದ ಫ್ರೆಂಚರು. 1755ರಿಂದ ಬ್ರಿಟಿಷರು ಅವರನ್ನು ಊರು ಬಿಡಿಸಿ ಹಡಗು ಹತ್ತಿಸಿ ಅಟ್ಟಿಬಿಟ್ಟರು. ದಿಕ್ಕಾಪಾಲಾದವರಲ್ಲಿ ಒಂದಷ್ಟು ಜನ ಈ ಕೆಸರು ನಾಡಿಗೆ ಬಂದು ಬೇರು ಬಿಟ್ಟರು. ಅಕೇಡಿಯನ್ ಅನ್ನೋದು ನಾಲಿಗೆ ಮೇಲೆ ಸವೆದು ಕೇಜನ್ ಆಯ್ತು. ಮನೆಮಾತು ಫ್ರೆಂಚೇ ಉಳೀತು.

ಆಮೇಲೆ ಬಂತು ಪೆಟ್ಟು. 1921ರಲ್ಲಿ ರಾಜ್ಯದ ಸಂವಿಧಾನವೇ ಶಾಲೆಯ ಪಾಠವೆಲ್ಲ ಇಂಗ್ಲಿಷಿನಲ್ಲೇ ಆಗಬೇಕು ಅಂತ ಕಟ್ಟು ಮಾಡಿತು. ಮನೆಯಲ್ಲಿ ಇಂಗ್ಲಿಷಿನ ಗಂಧವೇ ಇಲ್ಲದ ಮಕ್ಕಳು ಶಾಲೆಯಲ್ಲಿ ಬಾಯಿ ತಪ್ಪಿ ಒಂದು ಫ್ರೆಂಚ್ ಮಾತಾಡಿದರೆ ಶಿಕ್ಷೆ! ಇನ್ನು ಮೇಲೆ ಫ್ರೆಂಚ್ ಮಾತಾಡೋದಿಲ್ಲ ಅಂತ ನೂರಾರು ಸಲ ಬರೆಸೋದು. ಅಮ್ಮನ ಜೊತೆ ಆಡೋ ಮಾತಿಗೆ ಇಂಪೊಸಿಷನ್ನು! ಆ ಮಕ್ಕಳು ದೊಡ್ಡವರಾಗಿ ತಮ್ಮ ಮಕ್ಕಳಿಗೆ ಆ ಭಾಷೆ ಕಲಿಸಲೇ ಇಲ್ಲ. ಯಾಕೆ ಬೇಕು ಅವಮಾನ ಅಂತ. ಫ್ರೆಂಚನ್ನು ಮತ್ತೆ ಎಬ್ಬಿಸೋಕೆ ರಾಜ್ಯ ಸರ್ಕಾರ ಒಂದು ಸಂಸ್ಥೆ ಮಾಡಿದ್ದು 1968ರಲ್ಲಿ. ಅಷ್ಟರಲ್ಲಿ ಎರಡು ತಲೆಮಾರು ಕೈಬಿಟ್ಟುಹೋಗಿತ್ತು.

ಬ್ಲ್ಯಾಂಕ್ ಕ್ಯಾಮೆರಾ ಹಿಡಿದು ಬಂದದ್ದು ಅಂಥ ಹೊತ್ತಿನಲ್ಲಿ. ‘ಸ್ಪೆಂಡ್ ಇಟ್ ಆಲ್’ ಚಿತ್ರದಲ್ಲಿ ಕಾಫಿ, ಕುದುರೆ ಜೂಜು, ಹಂದಿ ಮಾಂಸದ ಊಟ, ಕುಣಿತ ಅಂತ ನೋಡಿ ಮೈಮರೀತೀವಿ. ಆದರೆ ಕಿವಿಗೊಟ್ಟು ಕೇಳಿ. ಅಲ್ಲಿ ಫ್ರೆಂಚ್ ಮಾತಾಡುವವರು, ಫ್ರೆಂಚಿನಲ್ಲಿ ಹಾಡುವವರು ತಲೆ ತಗ್ಗಿಸಿಲ್ಲ. ಶಾಲೆ ಕಿತ್ತುಕೊಂಡದ್ದನ್ನು ಪಿಟೀಲು ಬಚ್ಚಿಟ್ಟುಕೊಂಡಿತ್ತು.

ತಿಪ್ಪೆ ಕಾಯುವ ಕಲಾವಿದ

ಈ ಚಿತ್ರದ ತಾರಾಗಣ ಕೇಳಿ.

ನೇಥನ್ ಆಬ್‌ಶೈರ್. 1913ರಲ್ಲಿ ಹುಟ್ಟಿದವನು. ಅಕಾರ್ಡಿಯನ್ ವಾದ್ಯದಲ್ಲಿ ದೊಡ್ಡ ಹೆಸರು. ಅಕಾರ್ಡಿಯನ್ ಅಂದರೆ ಎದೆಗೆ ಅವಚಿಕೊಂಡು ತಿದಿ ಹಿಗ್ಗಿಸಿ ಕುಗ್ಗಿಸಿ ನುಡಿಸೋ ವಾದ್ಯ, ಹಾರ್ಮೋನಿಯಂನ ಸೋದರಸಂಬಂಧಿ. ಆಬ್‌ಶೈರ್‌ನ ತಟ್ಟೆಗಳು ಆ ಸೀಮೆಯಲ್ಲೆಲ್ಲ ಹಾಡಿದ್ದವು. ಹಾಗಿದ್ದೂ ಅವನು ಹೊಟ್ಟೆಪಾಡಿಗೆ ಮಾಡ್ತಿದ್ದ ಕೆಲಸ ಬೇಸಿಲ್ ಊರಿನ ಕಸದ ಗುಂಡಿ ಕಾಯೋದು! ಹೌದು, ಪುರಸಭೆಯ ತಿಪ್ಪೆ. ಹಗಲು ಅಲ್ಲಿ, ರಾತ್ರಿ ವೇದಿಕೆ ಮೇಲೆ. 1981ರಲ್ಲಿ ತೀರಿಕೊಂಡ.

ಡ್ಯೂಯಿ ಬಾಲ್ಫಾ, 1927ರಲ್ಲಿ ಹುಟ್ಟಿದವನು. ಅಪ್ಪ ಕೋರು ಬೇಸಾಯದ ರೈತ. ಅಣ್ಣತಮ್ಮಂದಿರೆಲ್ಲ ಸಂಗೀತಗಾರರು. ಡ್ಯೂಯಿ ಶಾಲೆಯ ಬಸ್ ಓಡಿಸ್ತಿದ್ದ, ಇನ್ಶೂರೆನ್ಸ್ ಮಾರ್ತಿದ್ದ. 1964ರಲ್ಲಿ ಉತ್ತರದ ನ್ಯೂಪೋರ್ಟ್ ಜಾನಪದ ಉತ್ಸವಕ್ಕೆ ಕೇಜನ್ ಹಾಡುಗಾರರನ್ನು ಕರೆದಾಗ ಕೊನೆ ಗಳಿಗೆಯಲ್ಲಿ ಇವನೂ ಸೇರಿಕೊಂಡ. ಈ ಹಳ್ಳಿ ಸಂಗೀತ ಹೊರಗೆ ಹೋದರೆ ನಗೆಪಾಟಲು ಅಂತ ಅವರ ಸೀಮೆಯ ಪತ್ರಿಕೆಯೇ ಮೂಗು ಮುರೀತು. ನ್ಯೂಪೋರ್ಟಿನಲ್ಲಿ ಆದದ್ದೇ ಬೇರೆ. ಸಾವಿರಾರು ಜನ ಎದ್ದು ನಿಂತು ಚಪ್ಪಾಳೆ ಹೊಡೆದರು! ಆ ಚಪ್ಪಾಳೆಯ ಸದ್ದು ಹೊತ್ತುಕೊಂಡು ಊರಿಗೆ ಬಂದ ಡ್ಯೂಯಿ ಮುಂದೆ ಶಾಲೆ ಶಾಲೆಗೆ ಹೋಗಿ ಮಕ್ಕಳಿಗೆ ಪಿಟೀಲು ನುಡಿಸಿ ತೋರಿಸಿದ. ಫ್ರೆಂಚ್ ಮಾತಾಡಿದರೆ ಶಿಕ್ಷೆ ಕೊಡ್ತಿದ್ದ ಶಾಲೆಗಳ ಬಾಗಿಲಲ್ಲಿ ಈಗ ಫ್ರೆಂಚ್ ಹಾಡು!

ಅವನ ಅಣ್ಣತಮ್ಮಂದಿರಾದ ವಿಲ್ ಮತ್ತು ರಾಡ್ನಿ 1979ರಲ್ಲಿ ಕಾರು ಅಪಘಾತದಲ್ಲಿ ಸತ್ತರು. ಡ್ಯೂಯಿ 1992ರಲ್ಲಿ ಹೋದ. ಬ್ಲ್ಯಾಂಕ್‌ನ ಚಿತ್ರದಲ್ಲಿ ಮಾತ್ರ ಅಣ್ಣತಮ್ಮಂದಿರು ಇನ್ನೂ ಒಟ್ಟಿಗೆ ಬಾರಿಸ್ತಿದ್ದಾರೆ. ಅದಕ್ಕೇ ಅಲ್ಲವೇ ಸಿನಿಮಾ ಇರೋದು?

ಇನ್ನೊಬ್ಬ ಮಾರ್ಕ್ ಸವ್ವಾ. ಅಕಾರ್ಡಿಯನ್ ತಾನೇ ಕಡೆದು, ಜೋಡಿಸಿ, ಶ್ರುತಿ ಮಾಡುವವನು. 1966ರಲ್ಲಿ ಯೂನಿಸ್ ಊರಿನಲ್ಲಿ ಅಂಗಡಿ ತೆರೆದ. ಪ್ಲಾಸ್ಟಿಕ್ಕಿನ ಹೊಸ ಅಮೆರಿಕ ತನ್ನ ಜನರನ್ನು ನುಂಗ್ತಾ ಇದೆ ಅನ್ನೋ ಸಿಟ್ಟು ಅವನಿಗೆ. ಸಿಟ್ಟನ್ನು ಭಾಷಣ ಮಾಡಲಿಲ್ಲ, ವಾದ್ಯ ಮಾಡಿದ.

ಒಣಕಟ್ಟಿಗೆ ಮತ್ತು ಸಿಗಾರ್ ಡಬ್ಬಿ

ಇದೇ ಸೀಮೆಯಲ್ಲಿ ಫ್ರೆಂಚ್ ಮಾತಾಡೋ ಕಪ್ಪು ಜನರೂ ಇದ್ದಾರೆ. ಅವರನ್ನು ಕ್ರಿಯೋಲ್ ಅಂತಾರೆ. ಅವರ ಮೇಲೆ ಬ್ಲ್ಯಾಂಕ್ 1973ರಲ್ಲಿ ಎರಡು ಚಿತ್ರ ಮಾಡಿದ: ‘ಡ್ರೈ ವುಡ್’ ಮತ್ತು ‘ಹಾಟ್ ಪೆಪ್ಪರ್’. ಆ ಹೊತ್ತಿಗೆ ಮೌರೀನ್ ಗಾಸ್ಲಿಂಗ್ ಅನ್ನೋ ಹುಡುಗಿ ಅವನ ಜೊತೆ ಸೇರಿದ್ದಳು. ಧ್ವನಿಮುದ್ರಣ, ಸಂಕಲನ ಎರಡರಲ್ಲೂ ಅವಳ ಕೈ ಇದೆ.

‘ಡ್ರೈ ವುಡ್’ ಅಂದರೆ ಒಣಕಟ್ಟಿಗೆ. ಅದು ಒಬ್ಬ ಮನುಷ್ಯನ ಅಡ್ಡಹೆಸರು! ಬ್ವಾ ಸೆಕ್ ಆರ್ಡ್ವಾನ್, 1915ರಲ್ಲಿ ಹುಟ್ಟಿದ ರೈತ. ಚಿಕ್ಕಂದಿನಲ್ಲಿ ಹೊಲದಲ್ಲಿ ನಾಲ್ಕು ಹನಿ ಬಿದ್ದರೆ ಸಾಕು, ಎಲ್ಲರಿಗಿಂತ ಮೊದಲು ಓಡಿ ಕೊಟ್ಟಿಗೆ ಸೇರ್ತಿದ್ದನಂತೆ. ಒದ್ದೆಯಾಗದವನು, ಅದಕ್ಕೇ ಒಣಕಟ್ಟಿಗೆ. ಊರು ಯಾವುದಾದರೇನು, ಅಡ್ಡಹೆಸರು ಇಡೋ ಜನರ ನಾಲಿಗೆ ಒಂದೇ!

ಅವನ ಜೋಡಿ ಪಿಟೀಲುಗಾರ ಕ್ಯಾನ್‌ರೇ ಫಾಂಟೆನೋ. ಹುಡುಗನಿದ್ದಾಗ ಪಿಟೀಲು ಕೊಳ್ಳೋಕೆ ದುಡ್ಡಿಲ್ಲ. ಸಿಗಾರ್ ಡಬ್ಬಿಯಿಂದ ಪಿಟೀಲು ಮಾಡಿಕೊಂಡ. ತಂತಿ? ಬಾಗಿಲಿಗೆ ಹಾಕೋ ಸೊಳ್ಳೆ ಪರದೆಯ ತಂತಿ ಬಿಚ್ಚಿದ! ದೊಡ್ಡವನಾದ ಮೇಲೆ ಕೆಲಸ ಮಾಡಿದ್ದು ದನದ ಮೇವಿನ ಅಂಗಡಿಯಲ್ಲಿ. ಈ ಇಬ್ಬರನ್ನೂ 1966ರಲ್ಲಿ ಅದೇ ನ್ಯೂಪೋರ್ಟಿಗೆ ಕರೆಸಿದ್ದರು. ಹೋಗಿ ಬಾರಿಸಿದರು. ವಾಪಸು ಬಂದು ಮತ್ತೆ ಅದೇ ಗದ್ದೆ, ಅದೇ ಮೇವು.

37 ನಿಮಿಷದ ಈ ಚಿತ್ರದಲ್ಲಿ ಹಬ್ಬ ಇದೆ, ಗಂಡಸರೇ ಸೇರಿ ಮಾಡೋ ಅಡಿಗೆ ಇದೆ. ಒಂದು ಹಂದಿಯನ್ನು ಕೊಲ್ಲೋದರಿಂದ ಹಿಡಿದು ಕರುಳು ತೊಳೆದು ಮಾಂಸ ತುಂಬೋವರೆಗೆ ಪೂರ್ತಿ ಇದೆ. ಮೆತ್ತನೆ ಎದೆಯವರು ಕಣ್ಣು ಮುಚ್ಚಿಕೊಳ್ಳಿ. ಆದರೆ ಗಮನಿಸಿ, ಹತ್ತಾರು ಕೈ ಒಟ್ಟಿಗೆ ಕೆಲಸ ಮಾಡ್ತಿವೆ. ಯಾರೂ ಯಾರಿಗೂ ಆರ್ಡರ್ ಮಾಡ್ತಾ ಇಲ್ಲ. ಮಾಡಬೇಕಾದ್ದು ಎಲ್ಲರಿಗೂ ಗೊತ್ತು. ಒಂದು ಊರು ಅಂದರೆ ಏನು ಅಂತ ಅಷ್ಟು ಚೆನ್ನಾಗಿ ತೋರಿಸಿದ ದೃಶ್ಯ ನಾನು ಕಂಡದ್ದು ಕಡಿಮೆ.

ಒಂದು ಕರವಸ್ತ್ರದ ಬೆಲೆ

ಈಗ ಸಿಹಿಯ ಜೊತೆ ಕಹಿಯನ್ನೂ ಹೇಳಲೇಬೇಕು.

ಬ್ವಾ ಸೆಕ್‌ನ ಬಂಧು ಅಮೆಡೆ ಆರ್ಡ್ವಾನ್ ಅನ್ನೋ ಮಹಾ ಹಾಡುಗಾರ ಇದ್ದ. ಕರಿಯ. 1929ರಲ್ಲಿ ಡೆನಿಸ್ ಮೆಗೀ ಅನ್ನೋ ಬಿಳಿ ಪಿಟೀಲುಗಾರನ ಜೊತೆ ಸೇರಿ ತಟ್ಟೆ ಕೊಟ್ಟ. ಕರಿಯರೂ ಬಿಳಿಯರೂ ಒಂದೇ ನಲ್ಲಿಯಲ್ಲಿ ನೀರು ಕುಡಿಯದ ಕಾಲದಲ್ಲಿ ಇಬ್ಬರೂ ಒಂದೇ ಮೈಕಿನ ಮುಂದೆ! ಇವತ್ತಿನ ಕೇಜನ್ ಸಂಗೀತಕ್ಕೂ ಕ್ರಿಯೋಲ್ ಸಂಗೀತಕ್ಕೂ ಆ ತಟ್ಟೆಗಳೇ ಬುನಾದಿ.

ಜನ ಇವತ್ತಿಗೂ ಹೇಳೋ ಕಥೆ ಹೀಗಿದೆ. ಬಿಳಿಯರ ಕುಣಿತದ ಮನೆಯಲ್ಲಿ ಬಾರಿಸ್ತಾ ಇದ್ದಾಗ ಅಮೆಡೆ ಮುಖದಲ್ಲಿ ಬೆವರು ಇಳೀತಿತ್ತು. ಒಬ್ಬ ಬಿಳಿ ಹೆಣ್ಣುಮಗಳು ಒರೆಸಿಕೊಳ್ಳೋಕೆ ತನ್ನ ಕರವಸ್ತ್ರ ಕೊಟ್ಟಳು. ಅಷ್ಟೇ. ಮನೆಗೆ ವಾಪಸು ಹೋಗೋ ದಾರಿಯಲ್ಲಿ ಬಿಳಿಯರು ಅವನನ್ನು ಹಿಡಿದು ಚಚ್ಚಿ ಹಾಕಿದರು. ಅಮೆಡೆ ಮತ್ತೆ ಮೊದಲಿನ ಹಾಗೆ ಆಗಲಿಲ್ಲ. 1942ರಲ್ಲಿ ಪೈನ್‌ವಿಲ್ ಊರಿನ ಸರ್ಕಾರಿ ಹುಚ್ಚಾಸ್ಪತ್ರೆಯಲ್ಲಿ ಸತ್ತ.

ಇದನ್ನು ಯಾಕೆ ಹೇಳಿದೆ ಅಂದರೆ, ಬ್ಲ್ಯಾಂಕ್ ಬಗ್ಗೆ ಇರೋ ದೊಡ್ಡ ತಕರಾರೇ ಇದು. ಬರೀ ಊಟ, ಹಾಡು, ಕುಣಿತ ತೋರಿಸ್ತಾನೆ. ಬಣ್ಣಭೇದ ಎಲ್ಲಿ? ಕೂಲಿ ಎಷ್ಟು? ಕೊಂದವರ ಲೆಕ್ಕ ಎಲ್ಲಿ? ತಕರಾರು ಪೂರ್ತಿ ಸುಳ್ಳಲ್ಲ. ಅವನ ಚಿತ್ರಗಳಲ್ಲಿ ಎದುರು ನಿಂತು ಆ ಪ್ರಶ್ನೆ ಕೇಳುವವರು ಕಡಿಮೆ.

ಆದರೆ ಚಿತ್ರಗಳನ್ನು ಪಕ್ಕ ಪಕ್ಕ ಇಟ್ಟು ನೋಡಿ. ‘ಸ್ಪೆಂಡ್ ಇಟ್ ಆಲ್’ ಬಿಳಿಯರ ಚಿತ್ರ. ‘ಡ್ರೈ ವುಡ್’, ‘ಹಾಟ್ ಪೆಪ್ಪರ್’ ಕರಿಯರ ಚಿತ್ರಗಳು. ಅದೇ ಗದ್ದೆ, ಅದೇ ಭಾಷೆ, ಅದೇ ವಾದ್ಯ, ಅದೇ ಹಂದಿ ಮಾಂಸ. ಆದರೂ ಪಂಕ್ತಿ ಬೇರೆ, ರೀಲು ಬೇರೆ! ಎರಡು ಚಿತ್ರಗಳ ನಡುವೆ ಇರೋ ಆ ಗೋಡೆಯೇ ಕಥೆ ಹೇಳುತ್ತೆ. ಹಾಡು ಗೋಡೆ ಹಾರಿತ್ತು, ಮನುಷ್ಯರಿಗೆ ಆಗಿರಲಿಲ್ಲ. ಇದನ್ನು ಬ್ಲ್ಯಾಂಕ್ ಬಾಯಿಬಿಟ್ಟು ಹೇಳಿದ್ದರೆ ಇನ್ನೂ ಚೆನ್ನಾಗಿತ್ತು ಅಂತ ನನಗೂ ಅನ್ಸುತ್ತೆ. ಮೆಚ್ಚಿದ ಮಾತ್ರಕ್ಕೆ ಸಂಘ ಕಟ್ಟಿ ಜೈಕಾರ ಹಾಕಬೇಕು ಅಂತೇನಿಲ್ಲವಲ್ಲ.

ತಗಡಿನ ಅಂಗಿ ತೊಟ್ಟ ತಮ್ಮಂದಿರು ಕೇಳಿ

‘ಹಾಟ್ ಪೆಪ್ಪರ್’ 54 ನಿಮಿಷದ ಖಾರ. ಇದರ ನಾಯಕ ಕ್ಲಿಫ್ಟನ್ ಶೆನಿಯೇ, ಜೈಡಿಕೋ ಸಂಗೀತದ ರಾಜ. ನಿಜವಾಗಿಯೂ ತಲೆಗೆ ಕಿರೀಟ ಇಟ್ಟುಕೊಂಡೇ ವೇದಿಕೆ ಹತ್ತುತ್ತಿದ್ದವನು! ಜೈಡಿಕೋ ಅನ್ನೋದು ಫ್ರೆಂಚಿನ ಹುರುಳಿಕಾಯಿ ಅನ್ನೋ ಪದದಿಂದ ಬಂತು ಅಂತಾರೆ. ಹುರುಳಿಕಾಯಿ ಪಲ್ಯಕ್ಕೆ ಹಾಕೋಕೆ ಉಪ್ಪು ಮಾಂಸದ ಚೂರೂ ಇಲ್ಲದ ಬರಗಾಲದ ನೆನಪು ಆ ಹೆಸರಿನಲ್ಲಿದೆ. ಹಸಿವಿಗೆ ಹೆಸರಿಟ್ಟು ಅದರ ಮೇಲೇ ಕುಣಿದ ಜನ!

ಶೆನಿಯೇ ಟೆಕ್ಸಾಸಿನ ಪೋರ್ಟ್ ಆರ್ಥರ್ ಊರಿನಲ್ಲಿ ಪೆಟ್ರೋಲ್ ಕಾರ್ಖಾನೆಯ ಕೂಲಿ. ಅಣ್ಣ ಕ್ಲೀವ್‌ಲೆಂಡ್ ಜೊತೆ ತಾಳಕ್ಕೆ ಇದ್ದದ್ದು ಬಟ್ಟೆ ಉಜ್ಜೋ ಗೀರು ಗೀರಿನ ತಗಡಿನ ಹಲಗೆ. ಅದನ್ನು ಕತ್ತಿಗೆ ಹಗ್ಗ ಕಟ್ಟಿ ನೇತು ಹಾಕ್ಕೋಬೇಕಿತ್ತು. 1946ರಲ್ಲಿ ಶೆನಿಯೇ ಅದೇ ಕಾರ್ಖಾನೆಯ ತಗಡಿನ ಕೆಲಸಗಾರ ವಿಲ್ಲಿ ಲ್ಯಾಂಡ್ರಿಗೆ ನೆಲದ ಮೇಲೆ ಗೆರೆ ಎಳೆದು ತೋರಿಸಿದ. ಹೀಗೆ ಹೆಗಲ ಮೇಲಿಂದ ಇಳಿಬಿಡೋ ತಗಡಿನ ಅಂಗಿ ಮಾಡಿಕೊಡು ಅಂತ. ಆಯ್ತು! ಎದೆ ಮೇಲೆ ತಗಡು, ಕೈಲಿ ಬಾಟ್ಲಿ ಓಪನರ್, ಚರ್ ಚರ್ ಚರ್ ಅಂತ ತಾಳ. ಇವತ್ತಿಗೂ ಜೈಡಿಕೋ ಬ್ಯಾಂಡುಗಳಲ್ಲಿ ಆ ಅಂಗಿ ಇದ್ದೇ ಇದೆ. ಎಲೆಕ್ಟ್ರಾನಿಕ್ ಪ್ಯಾಡಿಗೆ ದುಡ್ಡಿಲ್ಲ ಅಂತ ಆರ್ಕೆಸ್ಟ್ರಾ ಕನಸು ಮುದುರಿಟ್ಟ ತಮ್ಮಂದಿರು ಒಮ್ಮೆ ಯೋಚನೆ ಮಾಡಿ.

ಶೆನಿಯೇಗೆ 1984ರಲ್ಲಿ ಗ್ರ್ಯಾಮಿ ಪ್ರಶಸ್ತಿ ಬಂತು. 1987ರಲ್ಲಿ ತೀರಿಕೊಂಡ.

ಥಿಯೇಟರಿನಲ್ಲಿ ಬೆಳ್ಳುಳ್ಳಿ ಘಮ

ಇಂಥ ಚಿತ್ರಗಳನ್ನು ಯಾವ ಹಂಚಿಕೆದಾರ ಕೊಳ್ತಾನೆ? ಯಾರೂ ಇಲ್ಲ. ಬ್ಲ್ಯಾಂಕ್ ತಾನೇ ಪ್ರಿಂಟು ಹೊತ್ತುಕೊಂಡು ಕಾಲೇಜು, ಕ್ಲಬ್ಬು, ಸಣ್ಣ ಥಿಯೇಟರು ಸುತ್ತಿದ. ಬಾಗಿಲಲ್ಲಿ ಟೀ ಷರ್ಟು ಮಾರಿದ. ಅಷ್ಟಕ್ಕೇ ನಿಲ್ಲಲಿಲ್ಲ. ನ್ಯೂ ಆರ್ಲಿಯನ್ಸ್ ಹಬ್ಬದ ಚಿತ್ರ ಓಡ್ತಿರುವಾಗ ಥಿಯೇಟರಿನ ಹಿಂದೆ ಕೆಂಪು ಕಾಳಿನ ಸಾರು ಬೇಯಿಸಿ ಪ್ರೇಕ್ಷಕರಿಗೆ ಅನ್ನದ ಜೊತೆ ಬಡಿಸಿದ! 1980ರಲ್ಲಿ ಬೆಳ್ಳುಳ್ಳಿ ಬಗ್ಗೆಯೇ ಒಂದು ಚಿತ್ರ ಮಾಡಿ, ಅದು ಓಡುವಾಗ ಹಾಲಿನೊಳಗೆ ಬೆಳ್ಳುಳ್ಳಿ ಸುಟ್ಟು ಘಮ ಹಬ್ಬಿಸಿದ. ಪರದೆ ಮೇಲಿನ ವಾಸನೆ ಮೂಗಿಗೇ ಬಂದರೆ ಯಾರು ತಾನೇ ಎದ್ದು ಹೋಗ್ತಾರೆ?

ಇಷ್ಟೆಲ್ಲ ತಮಾಷೆ ಮಾಡಿದವನು ಮಾತಿನಲ್ಲಿ ಮಾತ್ರ ಮಹಾ ಸಂಕೋಚದವನು. ಹರ್ಜೋಗ್‌ನ ಜೊತೆ ಅಮೆಜಾನ್ ಕಾಡಿಗೆ ಹೋಗಿ, ಹಡಗೊಂದನ್ನು ಗುಡ್ಡ ಹತ್ತಿಸೋ ಹುಚ್ಚುಸಾಹಸದ ‘ಫಿಟ್ಜ್‌ಕರಾಲ್ಡೊ’ ಚಿತ್ರೀಕರಣವನ್ನು ‘ಬರ್ಡನ್ ಆಫ್ ಡ್ರೀಮ್ಸ್’ ಅಂತ 1982ರಲ್ಲಿ ಚಿತ್ರ ಮಾಡಿದ. ಸಿನಿಮಾ ಜಗತ್ತು ಅವನನ್ನು ನೆನೆಯೋದು ಹೆಚ್ಚಾಗಿ ಅದಕ್ಕೇ. ಅದಾದ ಮೇಲೆ ದೊಡ್ಡ ಊರಿನ ದೊಡ್ಡ ಜನರ ಹಿಂದೆ ಹೋಗಬಹುದಿತ್ತು. ಮರುವರ್ಷ ಬಿಡುಗಡೆಯಾದ ಅವನ ಚಿತ್ರ ಯಾವುದು ಗೊತ್ತೇ? ಉತ್ತರ ಕೆರೊಲಿನಾದ ಗುಡ್ಡಗಾಡಿನ ಟೋಸ್ಟ್ ಅನ್ನೋ ಸಣ್ಣ ಊರಿನ ಟಾಮಿ ಜಾರೆಲ್ ಅನ್ನೋ ಮುದುಕನದು. ರಸ್ತೆ ಮಟ್ಟ ಮಾಡೋ ಯಂತ್ರ ಓಡಿಸಿ 1966ರಲ್ಲಿ ನಿವೃತ್ತನಾದವನು. ಅವನ ಪಿಟೀಲು ಕಲಿಯೋಕೆ ದೇಶದ ಮೂಲೆ ಮೂಲೆಯಿಂದ ಹುಡುಗ ಹುಡುಗಿಯರು ಬಂದರೆ ಮನೆಯಲ್ಲೇ ಇಟ್ಟುಕೊಂಡು ಊಟ ಹಾಕಿ ಕಲಿಸ್ತಿದ್ದ. ಫೀಸಿನ ಮಾತಿಲ್ಲ.

ಅಮೆರಿಕ ಸರ್ಕಾರ ಜಾನಪದ ಕಲಾವಿದರಿಗೆ ರಾಷ್ಟ್ರಮಟ್ಟದ ಗೌರವ ಕೊಡೋಕೆ ಶುರು ಮಾಡಿದ್ದು 1982ರಲ್ಲಿ. ಮೊದಲ ಪಟ್ಟಿಯಲ್ಲೇ ಡ್ಯೂಯಿ ಬಾಲ್ಫಾ ಇದ್ದ, ಟಾಮಿ ಜಾರೆಲ್ ಇದ್ದ. 1984ರಲ್ಲಿ ಶೆನಿಯೇ. 1986ರಲ್ಲಿ ಒಣಕಟ್ಟಿಗೆ ಮತ್ತು ಸಿಗಾರ್ ಡಬ್ಬಿ, ಇಬ್ಬರೂ ಜೋಡಿಯಾಗಿ. ಡೆಲ್ಲಿಗೋ ವಾಷಿಂಗ್ಟನ್‌ಗೋ, ದೊಡ್ಡವರ ಕಣ್ಣಿಗೆ ಬೀಳೋಕೆ ಬಡವನಿಗೆ ಸಮಯ ಹಿಡಿಯುತ್ತೆ. ಬ್ಲ್ಯಾಂಕ್‌ನ ಕ್ಯಾಮೆರಾ ಈ ಲೂಸಿಯಾನಾದವರ ಅಂಗಳಕ್ಕೆ ಹತ್ತು ವರ್ಷ ಮೊದಲೇ ಹೋಗಿ ಕೂತಿತ್ತು.

ಬ್ಲ್ಯಾಂಕ್ 2013ರ ಏಪ್ರಿಲ್‌ನಲ್ಲಿ, 77ನೇ ವಯಸ್ಸಿನಲ್ಲಿ ತೀರಿಕೊಂಡ. ಒಣಕಟ್ಟಿಗೆ 2007ರಲ್ಲೇ ಹೋಗಿದ್ದ, ಸಿಗಾರ್ ಡಬ್ಬಿ 1995ರಲ್ಲಿ. ಆ ಊಟದ ಪಂಕ್ತಿಯಲ್ಲಿ ಕೂತಿದ್ದವರಲ್ಲಿ ಬಹಳ ಮಂದಿ ಈಗಿಲ್ಲ.

ಓದುಗ ಗೆಳೆಯರೇ, ಬ್ಲ್ಯಾಂಕ್ ಹೊತ್ತು ತಿರುಗಿದ ಕ್ಯಾಮೆರಾಕ್ಕಿಂತ ಹಗುರಾದ ಕ್ಯಾಮೆರಾ ಈಗ ನಿಮ್ಮ ನನ್ನ ಜೇಬಿನಲ್ಲೇ ಇದೆ. ರೀಲಿನ ಖರ್ಚಿಲ್ಲ, ತೊಳೆಸೋ ಖರ್ಚಿಲ್ಲ. ನೆಚ್ಚಿನ ತಾರೆಯ ಕಾರಿನ ಹಿಂದೆ ಓಡಿ ಅದನ್ನು ಎತ್ತಿ ಹಿಡಿಯೋದು ತಪ್ಪೇನಲ್ಲ, ನಾನೂ ಓಡಿದವನೇ. ಆದರೆ ಹಗಲು ಕಸ ಕಾಯ್ದು ರಾತ್ರಿ ವಾದ್ಯ ಹಿಡಿಯುವವನು, ಬಸ್ ಓಡಿಸಿ ಬಂದು ಹಾಡುವವನು ನಿಮ್ಮ ಊರಲ್ಲೂ ಒಬ್ಬ ಇರಬಹುದು. ಹೋಗಿ ನೋಡಿ. ಹೋದ ಕೂಡಲೇ ಮುಖದ ಮುಂದೆ ಫೋನು ಹಿಡಿಯಬೇಡಿ. ಮೊದಲು ಜೊತೆಯಲ್ಲಿ ಕೂತು ಊಟ ಮಾಡಿ. ಬೇಕಾದರೆ ಇಸ್ಪೀಟಿನಲ್ಲಿ ಒಂದೆರಡು ಆಟ ಸೋಲಿ.

ಕ್ಯಾಮೆರಾ ಆಮೇಲೆ.